ಲೋಕಾಂತರ ವ್ಯಾಪಾರದ ಯಂತ್ರ ಕಟ್ಟುವವರಿಗೆ ದಢೇಸುಗೂರಿನಿಂದ ಒಂದು ಬಹಿರಂಗ ಪತ್ರ

ಕಾಣದ ಗೆಳೆಯರೇ,



ನನ್ನ ತಂಗಿಯ ಮಗ ಬೆಂಗಳೂರಿನಲ್ಲಿ ಎಂಜಿನಿಯರಿಂಗ್ ಓದುತ್ತಿದ್ದಾನೆ. ದೀಪಾವಳಿಗೆ ಊರಿಗೆ ಬಂದವನು ನೆಲ್ಲಿನ ಗದ್ದೆಯ ಬದುವಿನ ಮೇಲೆ ಕೂತು ನಿಮ್ಮ ಯಂತ್ರದ ವಿಷಯ ತೆಗೆದ. ನಮ್ಮ ಲೋಕದ ಮಗ್ಗುಲಲ್ಲೇ ಇಂಥದೇ ಇನ್ನೊಂದು ಲೋಕ. ಅಲ್ಲೂ ಒಂದು ತುಂಗಭದ್ರೆ, ಅಲ್ಲೂ ಒಂದು ದಢೇಸುಗೂರು. ಎರಡರ ನಡುವೆ ಸರಕು ದಾಟಿಸುವ ಒಂದು ಯಂತ್ರ. ಇಲ್ಲಿ ಸಸ್ತಾ ಇದ್ದದ್ದನ್ನು ಅಲ್ಲಿ ಮಾರುವುದು, ಅಲ್ಲಿ ಸಸ್ತಾ ಇದ್ದದ್ದನ್ನು ಇಲ್ಲಿಗೆ ತರುವುದು. ಅಂಥ ಕಥೆಗಳನ್ನು ಓದಿ ಓದಿ ಅವನ ಗೆಳೆಯರೆಲ್ಲ ಅದರ ಲೆಕ್ಕಾಚಾರದಲ್ಲೇ ಮುಳುಗಿದ್ದಾರಂತೆ. ‘ಮಾಮಾ, ಅದೊಂದು ಬಂತಂದ್ರ ನಮ್ಮ ನೆಲ್ಲಿಗೆ ಕೈತುಂಬ ರೊಕ್ಕ ನೋಡ್ರಿ’ ಅಂದ. ನಾನು ಸೇತುವೆ ಕಡೆ ಕೈ ತೋರಿಸಿ, ‘ಅದು ಇಲ್ಲಿಗೆ ಯಾವಾಗೋ ಬಂದು ಹೋಗ್ಯದಪಾ’ ಅಂದೆ. ಅವನು ಹುಬ್ಬು ಏರಿಸಿದ. ಅಷ್ಟರಲ್ಲಿ ಮನೆಯಿಂದ ಊಟಕ್ಕೆ ಕರೆ ಬಂತು. ಅವತ್ತು ಅರ್ಧಕ್ಕೇ ನಿಂತ ಮಾತನ್ನು ಅವನಿಗೂ, ಅಂಥ ಯಂತ್ರದ ಕನಸು ಕಾಣುವ ನಿಮಗೆಲ್ಲರಿಗೂ ಈ ಪತ್ರದಲ್ಲಿ ಹೇಳಿ ಮುಗಿಸುತ್ತಿದ್ದೇನೆ.

ದಢೇಸುಗೂರು ಸಿಂಧನೂರು ತಾಲ್ಲೂಕಿನ ಅಂಚಿನ ಊರು. ಸಿಂಧನೂರಿನಿಂದ ಸಿರುಗುಪ್ಪಕ್ಕೆ ಹೋಗುವ ರಸ್ತೆ ನಮ್ಮಲ್ಲಿ ತುಂಗಭದ್ರೆಯನ್ನು ದಾಟುತ್ತದೆ. ಬಸ್ಸಿನಲ್ಲಿ ಕೂತವರಿಗೆ ಇವತ್ತು ಅದು ಕಣ್ಣುಮುಚ್ಚಿ ತೆರೆಯುವಷ್ಟರ ಹಾದಿ. 1947ರವರೆಗೆ ಇದೇ ಹೊಳೆಯ ಈಚೆ ನಿಜಾಮರ ಹೈದರಾಬಾದ್ ಸಂಸ್ಥಾನ, ಆಚೆ ಬ್ರಿಟಿಷರ ಮದ್ರಾಸ್ ಪ್ರಾಂತ. ಎರಡೂ ದಂಡೆಯ ಮನೆಮಾತು ಕನ್ನಡ, ಎರಡೂ ದಂಡೆಯ ಊಟ ಜೋಳದ ರೊಟ್ಟಿ. ಆದರೆ ಈಚೆ ದಫ್ತರದ ಭಾಷೆ ಉರ್ದು, ಆಚೆ ಇಂಗ್ಲಿಷು. ಈಚೆ ನಿಜಾಮರದೇ ಅಂಚೆಚೀಟಿ, ನಿಜಾಮರದೇ ರೂಪಾಯಿ. ಗಡಿ ದಾಟುವ ಸರಕಿನ ಮೇಲೆ ಸುಂಕ ವಸೂಲಿಗೆ ಕರೋಡಗಿರಿ ಎಂಬ ಇಲಾಖೆ. ಹರಿಗೋಲಿನಲ್ಲಿ ಕೂತು ಈ ದಂಡೆಯಿಂದ ಆ ದಂಡೆಗೆ ಹೋದ ಮನುಷ್ಯ ಮಾತು ಬದಲಿಸುತ್ತಿರಲಿಲ್ಲ, ಲೋಕ ಬದಲಿಸುತ್ತಿದ್ದ. ನಿಮ್ಮ ಯಂತ್ರ ಮಾಡಬೇಕಾದ ಕೆಲಸವನ್ನು ಬಿದಿರು ಹೆಣೆದು ಚರ್ಮ ಹೊದಿಸಿದ ಒಂದು ಬುಟ್ಟಿ ಮಾಡುತ್ತಿತ್ತು.

ಈಚೆಯ ರೂಪಾಯಿಗೆ ಹಾಲಿ ಸಿಕ್ಕಾ ಎಂದು ಹೆಸರು. ಅದರ ಮೇಲೆ ಚಾರ್‌ಮಿನಾರ್. ಆಚೆಯ ರೂಪಾಯಿಯನ್ನು ನಮ್ಮ ಹಿರಿಯರು ಕಲ್ದಾರ್ ಅನ್ನುತ್ತಿದ್ದರು. ಅದರ ಮೇಲೆ ರಾಜನ ತಲೆ. ಎರಡೂ ಬೆಳ್ಳಿ ನಾಣ್ಯಗಳೇ, ಎರಡೂ ಒಂದೊಂದು ರೂಪಾಯಿಗಳೇ. ಆದರೆ 6 ಕಲ್ದಾರಿಗೆ 7 ಹಾಲಿ ಕೊಡಬೇಕಿತ್ತು. 100 ಕಲ್ದಾರಿಗೆ ಸುಮಾರು 117 ಹಾಲಿ. ಈ ಲೆಕ್ಕ ಬಾಯಲ್ಲಿದ್ದವನು ಸಂತೆಯಲ್ಲಿ ಗೆಲ್ಲುತ್ತಿದ್ದ. ‘ರೂಪಾಯಿ ಅಂದ್ರ ರೂಪಾಯಿನೇ ಅಲ್ಲೇನು’ ಅಂದುಕೊಂಡು ಹೋದವನು ಏಳರಲ್ಲಿ ಒಂದನ್ನು ಹೊಳೆಯಲ್ಲೇ ಬಿಟ್ಟು ಬರುತ್ತಿದ್ದ.

ಎರಡು ಲೋಕಗಳ ನಡುವೆ ವ್ಯಾಪಾರ ನಡೆದಾಗ ಲಾಭ ಹುಟ್ಟುವುದು ಸರಕಿನಲ್ಲಿ ಅಲ್ಲ, ಎರಡೂ ದಂಡೆಯನ್ನು ಕಂಡ ಕಣ್ಣಿನಲ್ಲಿ. ನಾನು ನಿಮಗೆ ಹೇಳಬೇಕಾದದ್ದು ಇದೊಂದೇ. ಮುಂದೆ ಬರೆಯುವುದೆಲ್ಲ ಇದರ ವಿವರಣೆ.

ನಿಮ್ಮ ಕಥೆಗಾರರೂ ಇದನ್ನು ಬಲ್ಲರು. ಹುಡುಗ ಹೇಳಿದ ಮೇಲೆ ಅವರ ಕೆಲವು ಕಥೆಗಳ ಬಗ್ಗೆ ತಿಳಿದುಕೊಂಡೆ. ಅಮೆರಿಕದ ಎಚ್. ಬೀಮ್ ಪೈಪರ್ 1948ರಿಂದ ಬರೆದ ಕಥೆಗಳಲ್ಲಿ, ತಮ್ಮ ಲೋಕದ ಸಂಪತ್ತನ್ನೆಲ್ಲ ತಿಂದು ಮುಗಿಸಿದ ಜನ ಪಕ್ಕದ ಲೋಕಗಳಿಂದ ಬೇಕಾದದ್ದನ್ನು ತಂದು ಬದುಕುತ್ತಾರೆ. ಅಂಥ ದಾರಿಯೊಂದಿದೆ ಎಂಬ ಗುಟ್ಟು ಉಳಿದ ಲೋಕಗಳಿಗೆ ತಿಳಿಯದ ಹಾಗೆ ಕಾಯಲು ಅವರಲ್ಲಿ ಪೊಲೀಸರೇ ಇದ್ದಾರೆ. ಚಾರ್ಲ್ಸ್ ಸ್ಟ್ರಾಸ್ 2004ರಲ್ಲಿ ಶುರು ಮಾಡಿದ ಕಾದಂಬರಿ ಸರಣಿಯಲ್ಲಿ ಲೋಕದಿಂದ ಲೋಕಕ್ಕೆ ನಡೆದು ಹೋಗುವ ಶಕ್ತಿ ರಕ್ತದಲ್ಲಿ ಬರುತ್ತದೆ. ಆ ರಕ್ತ ಇರುವ ಮನೆತನಗಳು ಮಾತ್ರ ಶ್ರೀಮಂತವಾಗುತ್ತವೆ. ಈ ಎರಡು ಕಥೆಗಳ ತಿರುಳನ್ನು ನಮ್ಮ ಊರಿನ ಯಾವ ಮುದುಕರಿಗೆ ಹೇಳಿದರೂ ತಲೆಯಾಡಿಸುತ್ತಾರೆ. ದಾರಿ ಕೆಲವರಿಗೆ ಮಾತ್ರ ಗೊತ್ತಿದ್ದರೆ ಏನಾಗುತ್ತದೆ ಎಂಬುದನ್ನು ಅವರು ತಮ್ಮ ಹೊಲದಲ್ಲೇ ನೋಡಿದ್ದಾರೆ.

1945ರ ಫೆಬ್ರುವರಿ 28ರಂದು ತುಂಗಭದ್ರಾ ಅಣೆಕಟ್ಟಿಗೆ ಎರಡು ಶಂಕುಸ್ಥಾಪನೆಗಳು ನಡೆದವು. ಒಂದು ದಂಡೆಯಲ್ಲಿ ಹೈದರಾಬಾದಿನ ಯುವರಾಜ, ಮತ್ತೊಂದು ದಂಡೆಯಲ್ಲಿ ಮದ್ರಾಸಿನ ಗವರ್ನರ್. ಒಂದೇ ಗೋಡೆಯನ್ನು ಎರಡು ಲೋಕಗಳು ಎರಡು ತುದಿಯಿಂದ ಕಟ್ಟತೊಡಗಿದವು. ಗೋಡೆ ಎದ್ದು ನಿಲ್ಲುವಷ್ಟರಲ್ಲಿ ಆ ಲೋಕಗಳೇ ಕರಗಿದ್ದವು. 1948ರ ಸೆಪ್ಟೆಂಬರ್ 17ರಂದು ಹೈದರಾಬಾದ್ ಭಾರತಕ್ಕೆ ಸೇರಿತು. ಅದಕ್ಕೂ ಹಿಂದಿನ ತಿಂಗಳುಗಳಲ್ಲಿ ನಿಜಾಮರ ಪರ ನಿಂತಿದ್ದ ರಜಾಕಾರರ ಹಾವಳಿಗೆ ಹೆದರಿ ಈಚೆ ದಂಡೆಯವರು ಮಕ್ಕಳುಮರಿ ಕಟ್ಟಿಕೊಂಡು ಆಚೆ ದಾಟಿದ್ದರು. ಆಗ ಹರಿಗೋಲು ಹೊತ್ತದ್ದು ಸರಕನ್ನಲ್ಲ, ಜೀವಗಳನ್ನು. 1953ರಲ್ಲಿ ಆಚೆ ದಂಡೆಯ ಬಳ್ಳಾರಿ ಸೀಮೆ ಮೈಸೂರಿಗೆ ಸೇರಿತು, ಅದೇ ವರ್ಷ ಕಾಲುವೆಗೆ ನೀರು ಬಂತು. 1956ರ ನವೆಂಬರ್ 1ಕ್ಕೆ ಈಚೆ ದಂಡೆಯ ನಮ್ಮ ರಾಯಚೂರೂ ಮೈಸೂರು ರಾಜ್ಯದೊಳಕ್ಕೆ ಬಂತು. ಹೊಳೆ ಗಡಿಯಾಗಿದ್ದ ಕಾಲ ಮುಗಿಯಿತು ಎಂದು ನಮ್ಮ ಹಿರಿಯರು ಅಂದುಕೊಂಡರು. ಆದರೆ ಹೊಸ ಗಡಿಯನ್ನು ನೀರೇ ಹೊತ್ತು ತಂದಿತ್ತು.

ಅದುವರೆಗೆ ಈ ಸೀಮೆ ಮಳೆ ನಂಬಿದ ಕರಿಮಣ್ಣಿನ ಹೊಲ. ಜೋಳ, ಹತ್ತಿ, ನವಣೆ. ಒಂದು ಎಕರೆಯ ಬೆಲೆ ಎಂದರೆ ನಮ್ಮವರ ಕಣ್ಣಿಗೆ ಕಾಣುತ್ತಿದ್ದದ್ದು ಒಣಬೇಸಾಯದ ಬೆಲೆ. ಕೃಷ್ಣಾ, ಗೋದಾವರಿ ಮುಖಜ ಭೂಮಿಯ ಆಂಧ್ರದ ರೈತರಿಗೆ ಮಾತ್ರ ಇನ್ನೊಂದು ಲೋಕ ಗೊತ್ತಿತ್ತು. ಕಾಲುವೆ ನೀರು ಹರಿದ ನೆಲ ಹೇಗಿರುತ್ತದೆ, ಏನು ಕೊಡುತ್ತದೆ ಎಂಬುದನ್ನು ಅವರ ಹಿರಿಯರು ನೂರು ವರ್ಷಗಳಿಂದ ಕಂಡಿದ್ದರು. ಅಲ್ಲಿ ಒಂದು ಎಕರೆ ಮಾರಿದ ಹಣಕ್ಕೆ ಇಲ್ಲಿ ಹಲವು ಎಕರೆ ಬರುತ್ತಿತ್ತು. ಎರಡೂ ಬೆಲೆ ಕಂಡವನು ಕೊಂಡ, ಒಂದೇ ಬೆಲೆ ಕಂಡವನು ಮಾರಿದ. ಹೀಗೆ ಬಂದು ನೆಲೆಸಿದವರ ಊರುಗಳು, ನಮ್ಮ ಮಾತಿನಲ್ಲಿ ಕ್ಯಾಂಪುಗಳು, ಇವತ್ತು ಗಂಗಾವತಿಯಿಂದ ಮಾನ್ವಿಯವರೆಗೆ ಸಾಲುಗಟ್ಟಿವೆ.

ಬಂದವರನ್ನು ನಾನು ದೂರುತ್ತಿಲ್ಲ. ಅವರು ಗುಡ್ಡೆ ಕಡಿದು ನೆಲ ಸಮ ಮಾಡಿದರು, ಕೆಸರಿನಲ್ಲಿ ನಾಟಿ ಹಚ್ಚುವುದನ್ನು ನಮಗೂ ಕಲಿಸಿದರು. ಅವರ ಬೆವರು ಸುಳ್ಳಲ್ಲ. ಹೀಗೆಯೇ ಪೂರ್ವ ಪಾಕಿಸ್ತಾನದಿಂದ ಎಲ್ಲ ಕಳೆದುಕೊಂಡು ಬಂದ ಬಂಗಾಳಿ ಕುಟುಂಬಗಳು ಸಿಂಧನೂರಿನ ಆರ್.ಎಚ್. (ಪುನರ್ವಸತಿ) ಕ್ಯಾಂಪುಗಳಲ್ಲಿ ಬೇರು ಬಿಟ್ಟವು. ನಮ್ಮ ಸಂತೆಯಲ್ಲಿ ಕನ್ನಡ, ತೆಲುಗು, ಉರ್ದು, ಬಂಗಾಳಿ ಒಂದೇ ತಕ್ಕಡಿಯ ಎದುರು ನಿಲ್ಲುತ್ತವೆ. ಅದು ಈ ನೆಲದ ಭಾಗ್ಯ. ನನ್ನ ನೋವು ಬೇರೆ. ಹೊಲ ಮಾರಿದ ಮನೆಯವರಿಗೆ ಅವತ್ತು ಯಾರಾದರೂ ಕೂತು, ‘ಯಜಮಾನ್ರೇ, ಕಾಲುವೆ ಬಂದ ಮ್ಯಾಲೆ ಈ ನೆಲ ಏನಾಗ್ತದ ಅನ್ನೋದನ್ನ ಒಂದ್ಸಲ ಹೋಗಿ ನೋಡಿ ಬರ್ರಿ’ ಅಂದಿದ್ದರೆ ಅವರ ಮೊಮ್ಮಕ್ಕಳು ಇವತ್ತು ತಮ್ಮ ಅಜ್ಜನ ಹೊಲದಲ್ಲಿ ಕೂಲಿಗೆ ಹೋಗುತ್ತಿರಲಿಲ್ಲ. ಆ ಒಂದು ಮಾತಿಗೆ ಯಂತ್ರ ಬೇಕಿರಲಿಲ್ಲ, ಒಂದು ಬಸ್ ಚೀಟಿ ಸಾಕಿತ್ತು.

ನಿಮ್ಮ ಯಂತ್ರ ಹಟ್ಟಿಗೆ ಹೋದರೂ ಇದೇ ಕಥೆ. ಲಿಂಗಸುಗೂರು ತಾಲ್ಲೂಕಿನ ಹಟ್ಟಿಯಲ್ಲಿ ಇವತ್ತಿಗೂ ಚಿನ್ನ ತೆಗೆಯುತ್ತಾರೆ. ಅಲ್ಲಿ ಪ್ರಾಚೀನರು ತೋಡಿದ ಕುಳಿಗಳೂ ಇವೆ. ಲೋಕಗಳು ಸಮಾನಾಂತರವಾಗಿದ್ದರೆ ಪ್ರತಿ ಲೋಕದಲ್ಲೂ ಒಂದು ಹಟ್ಟಿ ಇರಲೇಬೇಕು, ಅದೇ ಕಲ್ಲಿನೊಳಗೆ ಅದೇ ಚಿನ್ನದ ಎಳೆ ಇರಲೇಬೇಕು. ಇನ್ನೂ ಯಾರೂ ತೋಡದ ಹಟ್ಟಿಯಲ್ಲಿ ಕುರಿ ಕಾಯುವವನಿಗೆ ನಾಲ್ಕು ಚೀಲ ಜೋಳ ಕೊಟ್ಟು ಗುಡ್ಡ ಬರೆಸಿಕೊಂಡರೆ ಅದಕ್ಕೆ ವ್ಯಾಪಾರ ಎನ್ನಬಹುದೇ? ಕಾಗದದ ಮೇಲೆ ಇಬ್ಬರೂ ಒಪ್ಪಿ ಹೆಬ್ಬೆಟ್ಟು ಒತ್ತಿರುತ್ತಾರೆ. ಒಬ್ಬನಿಗೆ ಮಾತ್ರ ಗುಡ್ಡದ ಹೊಟ್ಟೆಯೊಳಗೆ ಏನಿದೆ ಎಂದು ಗೊತ್ತಿರುತ್ತದೆ.

ಈಗ ನೀರಿನ ಮಾತು. ಅಣೆಕಟ್ಟಿನ ಎಡದಂಡೆ ಕಾಲುವೆ ಮುನಿರಾಬಾದಿನಿಂದ ಹೊರಟು ಸುಮಾರು 227 ಕಿ.ಮೀ. ಹರಿಯುತ್ತದೆ. ಅದನ್ನು ಯೋಜಿಸಿದವರ ಲೆಕ್ಕದಲ್ಲಿ ಅದು ಹೆಚ್ಚು ನೆಲಕ್ಕೆ ಸ್ವಲ್ಪ ಸ್ವಲ್ಪ ನೀರು ಹಂಚುವ ಕಾಲುವೆ. ಜೋಳ, ಶೇಂಗಾ, ಹತ್ತಿಯಂಥ ಅರೆನೀರಾವರಿ ಬೆಳೆಗೆ ಹೆಚ್ಚು ನೆಲ, ನೆಲ್ಲಿಗೆ ಕಡಿಮೆ. ಆದರೆ ನೆಲ್ಲು ಕಂಡ ಮೇಲ್ಭಾಗದ ಗದ್ದೆ ಮತ್ತೆ ಜೋಳದ ಕಡೆ ತಿರುಗಲಿಲ್ಲ. ಹೀಗಾಗಿ ಒಂದೇ ಕಾಲುವೆಯ ಮೇಲೆ ಎರಡು ಲೋಕ. ಮೇಲೆ ಗದ್ದೆ ತುಂಬಿ ತುಳುಕಿ ಸವಳು-ಜವಳು, ಕೆಳಭಾಗದಲ್ಲಿ ನೀರಿಗಾಗಿ ರಸ್ತೆ ತಡೆ. ಅಣೆಕಟ್ಟಿನಲ್ಲಿ ಮೊದಲು 133 ಟಿಎಂಸಿ ನೀರು ನಿಲ್ಲುತ್ತಿತ್ತು. ಹೂಳು ತುಂಬಿ ಅದು 105.79 ಟಿಎಂಸಿಗೆ ಇಳಿದಿದೆ. 2024ರ ಆಗಸ್ಟ್ 10ರ ರಾತ್ರಿ ಸರಪಳಿ ತುಂಡಾಗಿ 33 ಗೇಟುಗಳಲ್ಲಿ 19ನೆಯದು ಕೊಚ್ಚಿ ಹೋಯಿತು. ಆ ವಾರ ನಮ್ಮ ಯಾವ ಮನೆಯಲ್ಲೂ ಸರಿಯಾಗಿ ನಿದ್ದೆ ಇರಲಿಲ್ಲ. ಗೇಟುಗಳ ತಜ್ಞ ಕನ್ನಯ್ಯ ನಾಯ್ಡು ಅವರ ಮಾರ್ಗದರ್ಶನದಲ್ಲಿ ಕಾರ್ಮಿಕರು ಹರಿಯುವ ನೀರಿನಲ್ಲೇ ತಾತ್ಕಾಲಿಕ ಗೇಟು ಇಳಿಸಿ ನಿಲ್ಲಿಸಿದಾಗ ಮೇಲ್ಭಾಗ, ಕೆಳಭಾಗ ಎರಡೂ ಒಟ್ಟಿಗೇ ಉಸಿರುಬಿಟ್ಟವು. ಎರಡು ಲೋಕ ಎಂದುಕೊಂಡದ್ದು ಒಂದೇ ಸರಪಳಿಗೆ ಜೋತು ಬಿದ್ದಿತ್ತು ಎಂಬುದು ಅವತ್ತು ಎಲ್ಲರಿಗೂ ಕಂಡಿತು.

ಒಂದು ಕೆ.ಜಿ. ನೆಲ್ಲು ಬೆಳೆಯಲು ಸರಾಸರಿ 2,500 ಲೀಟರ್ ನೀರು ಕೊಡಬೇಕಾಗುತ್ತದೆ ಎಂಬುದು ತಜ್ಞರು ಸಾಮಾನ್ಯವಾಗಿ ಹೇಳುವ ಲೆಕ್ಕ. ನಮ್ಮ ಕಡೆ ನೆಲ್ಲಿನ ಚೀಲ ಎಂದರೆ 75 ಕೆ.ಜಿ. ಗುಣಿಸಿ ನೋಡಿ: ಒಂದು ಚೀಲದ ಹಿಂದೆ 1,87,500 ಲೀಟರ್. 5,000 ಲೀಟರಿನ ಟ್ಯಾಂಕರ್ ಲೆಕ್ಕದಲ್ಲಿ 37ಕ್ಕೂ ಹೆಚ್ಚು ಟ್ಯಾಂಕರ್. ಹಮಾಲರು ಚೀಲವನ್ನು ಲಾರಿಗೆ ಎಸೆಯುವಾಗ ಅದರ ಹಿಂದೆಯೇ ಒಂದು ಕೆರೆಯೂ ಊರು ಬಿಟ್ಟು ಹೋಗುತ್ತದೆ. ಸರಕಿನೊಳಗೆ ಹೀಗೆ ಕಾಣದೆ ಸಾಗುವ ನೀರಿನ ಕಡೆ ಲೋಕದ ಗಮನ ಸೆಳೆದವರು ಟೋನಿ ಅಲನ್ ಎಂಬ ಬ್ರಿಟಿಷ್ ಪ್ರಾಧ್ಯಾಪಕರು. ಅವರಿಗೆ 2008ರಲ್ಲಿ ಸ್ಟಾಕ್‌ಹೋಮ್ ಜಲ ಪ್ರಶಸ್ತಿ ಬಂತು. ಅವರ ಮಾತು ಕೇಳಿದ ಮೇಲೂ ನಮ್ಮ ಯಾವ ರಸೀದಿಯಲ್ಲೂ ನೀರಿಗೆಂದು ಒಂದು ಸಾಲು ಬಂದಿಲ್ಲ.

2023ರ ಜುಲೈ 20ರಂದು ಕೇಂದ್ರ ಸರ್ಕಾರ ಬಾಸ್ಮತಿಯಲ್ಲದ ಬಿಳಿ ಅಕ್ಕಿಯ ರಫ್ತು ನಿಲ್ಲಿಸಿತು. ಅಮೆರಿಕದ ಭಾರತೀಯ ಅಂಗಡಿಗಳ ಮುಂದೆ ನಮ್ಮ ಜನ ಸಾಲು ನಿಂತರು. ಕೆಲವು ಅಂಗಡಿಗಳು ಮನೆಗೊಂದೇ ಚೀಲ ಎಂದು ಚೀಟಿ ಅಂಟಿಸಿದವು. ಅವರು ಹುಡುಕಿದ್ದು ಸೋನಾ ಮಸೂರಿಯನ್ನು, ಅಂದರೆ ನಮ್ಮ ಗದ್ದೆಯ ಅನ್ನವನ್ನು. 2024ರ ಸೆಪ್ಟೆಂಬರಿನಲ್ಲಿ ಆ ತಡೆ ತೆರವಾಯಿತು. ಅಲ್ಲಿ ಚೀಲಕ್ಕಾಗಿ ಓಡಿದ ಕನ್ನಡದ ತಾಯಿಗೂ, ಇಲ್ಲಿ ಚೀಲ ತುಂಬಿದ ನನಗೂ ಒಬ್ಬರ ಮುಖ ಒಬ್ಬರಿಗೆ ಕಾಣಲಿಲ್ಲ. ಆಕೆ ಕೊಟ್ಟ ಬೆಲೆ ನನಗೆ ತಿಳಿಯದು, ನನಗೆ ಸಿಕ್ಕ ಬೆಲೆ ಆಕೆಗೆ ತಿಳಿಯದು. ನಡುವೆ ಎರಡೂ ತಿಳಿದವರು ಇದ್ದರು.

ನನ್ನ ಕೈಯಲ್ಲಿ ಮೊಬೈಲ್ ಇದೆ, ಬೆಲೆ ಅದರಲ್ಲೇ ಕಾಣುತ್ತದಲ್ಲ ಎಂದು ನೀವು ಕೇಳಬಹುದು. ಕಾಣುತ್ತದೆ, ಒಪ್ಪುತ್ತೇನೆ. ಅದಕ್ಕಾಗಿ ದುಡಿದವರಿಗೆ ಕೃತಜ್ಞನೂ ಆಗಿದ್ದೇನೆ. ಮಾರುಕಟ್ಟೆಗಳನ್ನು ಒಂದೇ ಪರದೆಯ ಮೇಲೆ ತರುವ ಏಕೀಕೃತ ವೇದಿಕೆಯನ್ನು 2014ರಲ್ಲಿ ಕಟ್ಟಿದ್ದು ನಮ್ಮ ಕರ್ನಾಟಕವೇ. ದೇಶಕ್ಕೆಲ್ಲ ಇ-ನಾಮ್ ಬಂದದ್ದು ಅದರ ನಂತರ, 2016ರ ಏಪ್ರಿಲ್ 14ರಂದು. ಬೇರೆ ಊರಿನ ಖರೀದಿದಾರ ನನ್ನ ರಾಶಿಗೆ ಬೆಲೆ ಕೂಗುವಂತೆ ಮಾಡುವುದೇ ನಿಮ್ಮ ಯಂತ್ರದ ಮೊದಲ ಮೆಟ್ಟಿಲು. ಆದರೆ ಬೆಲೆ ಕಾಣುವುದು ಬೇರೆ, ಆ ಬೆಲೆ ಬರುವವರೆಗೆ ಕಾಯುವುದು ಬೇರೆ.

ಸರ್ಕಾರ 2025-26ಕ್ಕೆ ಸಾಮಾನ್ಯ ಭತ್ತಕ್ಕೆ ಗೊತ್ತುಮಾಡಿದ ಬೆಂಬಲ ಬೆಲೆ ಕ್ವಿಂಟಾಲಿಗೆ 2,369 ರೂಪಾಯಿ. ನಮ್ಮ 75 ಕೆ.ಜಿ. ಚೀಲಕ್ಕೆ ಇಳಿಸಿದರೆ 1,777ರ ಹತ್ತಿರ. ಸರ್ಕಾರ ಕ್ವಿಂಟಾಲಿನಲ್ಲಿ ಮಾತಾಡುತ್ತದೆ, ದಲಾಲಿ ಅಂಗಡಿ ಚೀಲದಲ್ಲಿ ಮಾತಾಡುತ್ತದೆ. ಹಾಲಿ, ಕಲ್ದಾರ್ ಹೋದರೂ ಎರಡು ಅಳತೆಯ ಲೋಕ ಹೋಗಿಲ್ಲ. ಕೊಯ್ಲಿನ ಯಂತ್ರ ಒಂದೇ ವಾರದಲ್ಲಿ ಊರಿಗೂರನ್ನೇ ಕೊಯ್ದು ಹಾಕುತ್ತದೆ. ಹಸಿ ನೆಲ್ಲು ಒಣಗಿಸಲು ಕಣವಿಲ್ಲದವನು, ಇಡಲು ಗೋದಾಮಿಲ್ಲದವನು ಅವತ್ತಿನ ಬೆಲೆಗೇ ಕೊಡಬೇಕು. ಒಂದು ವರ್ಷ ಮಳೆಮೋಡ ಕಂಡು ನಾನೂ ಹಾಗೆ ಕೊಟ್ಟೆ. ಎರಡು ತಿಂಗಳ ನಂತರದ ಬೆಲೆ ಅವತ್ತೇ ಮೊಬೈಲಿನಲ್ಲಿ ಕಂಡಿದ್ದರೂ ನನ್ನ ಕೈ ಕಟ್ಟಿಯೇ ಇರುತ್ತಿತ್ತು. ಗೊಬ್ಬರದ ಬಾಕಿಗೆ ಬಡ್ಡಿ ಓಡುತ್ತಿತ್ತು.

ಬಡ್ಡಿಯ ಮಾತು ಬಂದಾಗ ಪಾಲ್ ಕ್ರುಗ್‌ಮನ್ ನೆನಪಾಗುತ್ತಾರೆ. 2008ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಪಡೆದ ಇವರು ತರುಣರಾಗಿದ್ದಾಗ, 1978ರಲ್ಲಿ, ನಕ್ಷತ್ರಗಳ ನಡುವಿನ ವ್ಯಾಪಾರದ ಮೇಲೆ ಒಂದು ಪ್ರಬಂಧ ಬರೆದರು. ಅದು ಅಚ್ಚಾದದ್ದು 2010ರಲ್ಲಿ. ಬೆಳಕಿನ ವೇಗದ ಹತ್ತಿರ ಓಡುವ ಹಡಗಿನೊಳಗೆ ಕಾಲ ನಿಧಾನವಾಗುತ್ತದೆ. ಹಾಗಾದರೆ ಸರಕಿನ ಮೇಲಿನ ಬಡ್ಡಿಯನ್ನು ಹಡಗಿನ ಗಡಿಯಾರದಿಂದ ಎಣಿಸಬೇಕೋ, ಗ್ರಹದ ಗಡಿಯಾರದಿಂದಲೋ? ಗ್ರಹದ್ದರಿಂದಲೇ ಎಂದು ಅವರು ಸಾಧಿಸಿದರು. ಇದನ್ನು ತಿಳಿದಾಗ ನನಗೆ ನನ್ನ ಗದ್ದೆಯೇ ಕಣ್ಣಮುಂದೆ ಬಂತು. ನೆಲ್ಲಿಗೆ ತನ್ನದೇ ಗಡಿಯಾರವಿದೆ. ಬಿಪಿಟಿ 5204 ತಳಿಗೆ ಸುಮಾರು 145ರಿಂದ 150 ದಿನ ಬೇಕು, ಎಷ್ಟು ಬೇಡಿಕೊಂಡರೂ ಒಂದು ದಿನ ಮುಂಚೆ ತೆನೆ ಮಾಗುವುದಿಲ್ಲ. ಕಾಲುವೆಗೆ ನೀರು ತಡವಾದರೆ ನಾಟಿಯೂ ತಡ. ಬಡ್ಡಿ ಮಾತ್ರ ಕೊಟ್ಟವನ ಗಡಿಯಾರದಲ್ಲಿ ಓಡುತ್ತದೆ. ಲೋಕ ಯಾವುದೇ ಇರಲಿ, ಯಾರ ಗಡಿಯಾರ ನಡೆಯುತ್ತದೋ ಅವರದೇ ವ್ಯಾಪಾರ ನಡೆಯುತ್ತದೆ.

ಆದ್ದರಿಂದ ಗೆಳೆಯರೇ, ಯಂತ್ರ ಕಟ್ಟಬೇಡಿ ಎಂದು ನಾನು ಹೇಳಲಾರೆ. ದಾಟುವ ಆಸೆ ಹೊಳೆದಂಡೆಯವರಿಗೆ ಹೊಸದಲ್ಲ. ಸೇತುವೆ ನಮ್ಮ ಸೀಮೆಗೆ ಮಾಡಿದ ಉಪಕಾರ ದೊಡ್ಡದು. ಹರಿಗೋಲಿನ ಕಾಲಕ್ಕೆ ಮರಳಿ ಹೋಗಲು ನಮ್ಮಲ್ಲಿ ಯಾರೂ ಒಪ್ಪುವುದಿಲ್ಲ. ನಿಮ್ಮ ಯಂತ್ರದ ನಕ್ಷೆಯಲ್ಲಿ ನಾಲ್ಕು ಮಾತಿಗೆ ಜಾಗ ಕೊಡಿ ಎಂದಷ್ಟೇ ಕೇಳುತ್ತೇನೆ. ಮೊದಲನೆಯದು, ಕೊಳ್ಳುವವನಿಗೆ ಕಾಣುವುದೆಲ್ಲ ಮಾರುವವನಿಗೂ ಕಾಣಲಿ. ಎರಡೂ ಲೋಕದ ಬೆಲೆ ಒಂದೇ ಅಳತೆಯಲ್ಲಿ, ಅವನ ಮಾತಿನಲ್ಲಿ. ಎರಡನೆಯದು, ರಸೀದಿಯಲ್ಲಿ ಸರಕಿನ ಜತೆ ಸಾಗಿಹೋದ ನೀರು, ಮಣ್ಣು, ಬೆವರು ಕೂಡ ಬರೆದಿರಲಿ. ನಮ್ಮ ದಢೇಸುಗೂರಿನ ಕೃಷಿ ಸಂಶೋಧನಾ ಕೇಂದ್ರದವರು ಕೂರಿಗೆಯಿಂದ ನೇರವಾಗಿ ಬಿತ್ತುವ ಭತ್ತದ ಬಗ್ಗೆ ಪ್ರಯೋಗ ಮಾಡುತ್ತ ಬಂದಿದ್ದಾರೆ. ಹೀಗೆ ಕಡಿಮೆ ನೀರಿನಲ್ಲಿ ಬೆಳೆದವನ ಚೀಲಕ್ಕೂ, ಗದ್ದೆ ತುಳುಕಿಸಿದವನ ಚೀಲಕ್ಕೂ ಇವತ್ತು ಒಂದೇ ಬೆಲೆ. ನೀರಿನ ಸಾಲು ರಸೀದಿಗೆ ಬಂದರೆ ನೀರು ಉಳಿಸಿದವನ ಶ್ರಮಕ್ಕೆ ಬೆಲೆ ಬಂದೀತು, ಕೆಳಭಾಗದವನಿಗೆ ನೀರೂ ಬಂದೀತು. ಮೂರನೆಯದು, ಯಂತ್ರದ ಬಾಗಿಲ ಪಕ್ಕ ಒಂದು ಗೋದಾಮು ಇರಲಿ. ಕಾಯಲು ಆಗದವನಿಗೆ ದಾರಿ ಇದ್ದೂ ಇಲ್ಲದಂತೆ. ನಾಲ್ಕನೆಯದು, ಆ ದಾರಿಯಲ್ಲಿ ನಡೆಯಲು ರಕ್ತ, ಮನೆತನ, ಬಂಡವಾಳ ಯಾವುದರ ಗುರುತೂ ಬೇಕಾಗದಿರಲಿ.

ಈ ನಾಲ್ಕನೆಯ ಮಾತನ್ನು ನಮ್ಮ ಸೀಮೆಯ ಬಂಡೆಯೊಂದು ನನಗಿಂತ ಬಹಳ ಮೊದಲೇ ಹೇಳಿದೆ. 1915ರಲ್ಲಿ ಚಿನ್ನ ಹುಡುಕುತ್ತಿದ್ದ ಬೀಡನ್ ಎಂಬ ಎಂಜಿನಿಯರ್ ಮಸ್ಕಿಯ ಗುಡ್ಡದಲ್ಲಿ ಒಂದು ಬರಹ ಕಂಡರು. ಬೇರೆ ಶಾಸನಗಳಲ್ಲಿ ಬರುವ ದೇವಾನಾಂಪ್ರಿಯ ಎಂದರೆ ಅಶೋಕನೇ ಎಂದು ಲೋಕಕ್ಕೆ ಹೆಸರು ಹಿಡಿದು ಹೇಳಿದ ಶಾಸನ ಅದು. ಅದರ ಸಾರ ನಿಮ್ಮ ಯಂತ್ರಕ್ಕೆ ಹತ್ತಿರದ್ದು. ಜಂಬೂದ್ವೀಪದಲ್ಲಿ ಹಿಂದೆ ಬೆರೆಯದೆ ಇದ್ದ ದೇವರು, ಮನುಷ್ಯರು ಈಗ ಬೆರೆತಿದ್ದಾರೆ ಎಂದು ರಾಜ ಹೇಳುತ್ತಾನೆ. ಅಂದರೆ ಎರಡು ಲೋಕಗಳ ನಡುವೆ ದಾರಿ ಬಿದ್ದಿದೆ. ಆಮೇಲೆ, ಇದು ದೊಡ್ಡವರಿಗೆ ಮಾತ್ರ ಸಿಗುವಂಥದ್ದು ಎಂದು ತಿಳಿಯಬೇಡಿ, ಧರ್ಮದಲ್ಲಿ ನಡೆಯುವ ಸಣ್ಣವನೂ ಇದನ್ನು ಪಡೆಯಬಲ್ಲ, ಇದನ್ನು ಸಣ್ಣವರಿಗೂ ದೊಡ್ಡವರಿಗೂ ಹೇಳಿ ಎನ್ನುತ್ತಾನೆ. ಹಾಗೆ ನಡೆದರೆ ಅದು ಬಹುಕಾಲ ಬಾಳುತ್ತದೆ, ಒಂದೂವರೆ ಪಟ್ಟು ಬೆಳೆಯುತ್ತದೆ ಎಂಬ ಮಾತಿನೊಂದಿಗೆ ಶಾಸನ ಮುಗಿಯುತ್ತದೆ. ಚಿನ್ನ ಹುಡುಕಲು ಬಂದವರಿಗೆ ಸಿಕ್ಕ ಈ ಮಾತು ಚಿನ್ನಕ್ಕಿಂತ ಕಡಿಮೆ ಬೆಲೆಯದಲ್ಲ.

ಯಂತ್ರಕ್ಕೆ ಮೊದಲ ಮೊಳೆ ಹೊಡೆಯುವ ಮುಂಚೆ ಒಮ್ಮೆ ನಮ್ಮ ಕಡೆ ಬನ್ನಿ. ಮಸ್ಕಿಯ ಬಂಡೆ ನೋಡಿ, ಹಟ್ಟಿ ನೋಡಿ, ಕಾಲುವೆಯ ಮೇಲ್ಭಾಗವನ್ನೂ ಕೆಳಭಾಗವನ್ನೂ ಒಂದೇ ದಿನ ನೋಡಿ. ಸಂಜೆಗೆ ದಢೇಸುಗೂರಿನ ಸೇತುವೆಯ ನಡುವೆ ಬಂದು ನಿಲ್ಲಿ. ನಮ್ಮ ಹಿರಿಯರಿಗೆ ಒಂದೇ ದಂಡೆ ಕಾಣುತ್ತಿತ್ತು, ಅಲ್ಲಿ ನಿಂತವರಿಗೆ ಎರಡೂ ಕಾಣುತ್ತವೆ. ಮನೆಗೆ ಬಂದರೆ ಹೊಸ ಅಕ್ಕಿಯ ಅನ್ನ ಇರುತ್ತದೆ. ಊಟ ಮಾಡುತ್ತ, ಆ ಒಂದು ತುತ್ತು ನಿಮ್ಮ ತಟ್ಟೆಗೆ ಬರಲು ಏನೇನು ದಾಟಿತು ಎಂಬುದನ್ನು ಎಲ್ಲರೂ ಕೂಡಿ ಲೆಕ್ಕ ಹಾಕೋಣ.

ನಿಮ್ಮ ದಾರಿ ಕಾಯುತ್ತ,

ಹೊಳೆದಂಡೆಯ ಒಬ್ಬ ರೈತ
ದಢೇಸುಗೂರು, ಸಿಂಧನೂರು ತಾಲ್ಲೂಕು